ನಲವತ್ತೇಳನೆಯ ಬಾಟಲಿ

ನ್ಯಾಯಾಧೀಶರ ಮಾತು ಪೋರ್ಚುಗೀಸು.
ಗುಮಾಸ್ತ ಎರ್ಮೆನೆಜಿಲ್ಡು ಲೆಕ್ಕ ತಪ್ಪಿದಾಗ
ತನ್ನನ್ನೇ ಬೈದುಕೊಳ್ಳುವುದು ಇಂಡೋನೇಷಿಯನ್ನಿನಲ್ಲಿ;
ಅವನು ಮಗ್ಗಿ ಕಲಿತಾಗ ಆಳುತ್ತಿದ್ದವರು ಅವರು.
ನಡುವೆ ತೇತುಮ್, ಎಲ್ಲರೂ ಚಪ್ಪಲಿ ಬಿಡುವ ಜಗುಲಿ.
ಜಗುಲಿಗೂ ಆಚೆ, ಅಂಗಳದ ಕೊನೆಯಲ್ಲಿ
ನಾನು ಹುಟ್ಟಿದ ಫಾತಾಲುಕು.
ಅದಕ್ಕೆಂದೇ ನನಗೆ ಈ ಮರದ ಸ್ಟೂಲು,
ಕೇಸು ಇದ್ದ ದಿನ ಹತ್ತು ಡಾಲರು ಭತ್ಯೆ.

ಅಜ್ಜಿ ಕ್ರಿಸ್ಪಿನಾ ಲೋಸ್ಪಾಲೋಸಿನ ಆಚೆಯಿಂದ
ಕೋಳಿ ಕೂಗುವ ಮೊದಲೇ ಬಸ್ಸು ಹತ್ತಿ
ಬೌಕಾವ್‌ಗೆ ಬಂದಿದ್ದಳು. ಕಂಕುಳಲ್ಲಿ
ಬಟ್ಟೆ ಸುತ್ತಿದ ಬಾಟಲಿ. ಮೇಜಿನ ಮೇಲಿಟ್ಟಳು.
ಒರತೆಯ ನೀರು.
"ನೋಡಲಿ. ನೋಡದೆ ಹೇಗೆ ತೀರ್ಪು ಹೇಳುತ್ತಾರೆ?"
ಎರ್ಮೆನೆಜಿಲ್ಡು ಬರೆದುಕೊಂಡ:
ಬಾಟಲಿ ಒಂದು. ದ್ರವ. ಬಣ್ಣವಿಲ್ಲ.
ಅರಗು ಹಚ್ಚಿ ಮೊಹರು ಒತ್ತಿದ.

ಎದುರು ಬೆಂಚಿನಲ್ಲಿ ಜೆಫೆರಿನು,
ಅವಳ ಗಂಡನ ಅಣ್ಣನ ಮೊಮ್ಮಗ.
ಒರತೆಯ ಸುತ್ತ ತಂತಿ ಎಳೆದವನು,
ಅಥವಾ ಎಳೆದದ್ದು ಅಜ್ಜಿಯ ಮಕ್ಕಳೇ;
ಕಡತ ಎರಡನ್ನೂ ಹೇಳುತ್ತಿತ್ತು.

ಅಜ್ಜಿ ಎದ್ದು ನಿಂತು ಹೇಳಿದ್ದು ಒಂದೇ ಮಾತು:
ಆ ನೀರು ನಮ್ಮದು.

ತಾಳಿ, ಇಲ್ಲೇ ಇದೆ ಸಂಗತಿ.
ನಮ್ಮಲ್ಲಿ 'ನಾವು' ಎರಡು.
ಇನಿ ಅಂದರೆ ನಾವು, ನೀನು ಹೊರಗೆ.
ಆಫಿ ಅಂದರೆ ನಾವು, ನೀನೂ ಬಾ.
ತೊದಲುವ ಮಗು ಕೂಡ ಇಲ್ಲಿ ಎಡವುವುದಿಲ್ಲ;
ಕೈಯಲ್ಲಿರುವ ಬಾಳೆಹಣ್ಣು ಯಾರ್ಯಾರಿಗೆ
ಅಂತ ಅದಕ್ಕೆ ಗೊತ್ತಿರಬೇಕಲ್ಲ.

ಅಜ್ಜಿ ಆಫಿ ಅಂದಳು.
ಹದಿನಾಲ್ಕು ತಿಂಗಳು ಬೈದು ಬೈದು
ಒಣಗಿದ ಬಾಯಲ್ಲಿ, ಆಫಿ.
ಜೆಫೆರಿನು ತಲೆ ಎತ್ತಿದ. ಅರ್ಧ ಎದ್ದ.
ಪೇದೆ ಭುಜ ಒತ್ತಿ ಕೂರಿಸಿದ.

ನಾನು ತೇತುಮಿಗೆ ದಾಟಿಸಿದೆ: ಇತಾ.
ಅಲ್ಲಿಯವರೆಗೆ ಹನಿ ಚೆಲ್ಲಲಿಲ್ಲ,
ತೇತುಮಿನಲ್ಲೂ ನಾವು ಎರಡಿದ್ದೇವೆ.
ಮುಂದಿನ ಕೊಡ ನನ್ನದಲ್ಲ.
ದಿಲಿಯಿಂದ ಬಂದ ಹುಡುಗ, ಇಸ್ತ್ರಿ ಮಾಡಿದ ತೋಳು,
ಬಾಯಿ ತೆರೆದವನು ಒಂದು ಗಳಿಗೆ ತಡೆದ
(ಅವನಿಗೂ ಗೊತ್ತಾಯಿತು, ನಾನು ಕಂಡೆ)
ಆಮೇಲೆ ಅಂದ: ನೊಸ್ಸಾ.

ನೊಸ್ಸಾ ಒಂದೇ.
ಯಾರು ಒಳಗೆ, ಯಾರು ಹೊರಗೆ
ಕೇಳಿಸಿಕೊಂಡವರು ಊಹಿಸಬೇಕು.
ಕೇಳಿಸಿಕೊಂಡವರು ನ್ಯಾಯಾಧೀಶರು.

ಊಟದ ನಂತರ ತೀರ್ಪು:
ಒರತೆ ವಾದಿಗೆ, ವಾದಿಯ ವಾರಸುದಾರರಿಗೆ ಮಾತ್ರ.
ಪ್ರತಿವಾದಿ ಮೂವತ್ತು ಮೀಟರು ದೂರ.

ಮಾತು ಬಂದ ದಾರಿಯಲ್ಲೇ ವಾಪಸು ಹೊರಟಿತು.
ಹುಡುಗ ತೇತುಮಿನಲ್ಲಿ ಹೇಳಿ ನೀರು ಕುಡಿದ.
ಅಜ್ಜಿ ನನ್ನ ತುಟಿಯನ್ನೇ ನೋಡಿದಳು.
"ಏನಂತೆ ಮಗಳೇ, ಯಾರದಂತೆ?"

ಕೇಳಿದ್ದನ್ನು ಕೇಳಿದ ಹಾಗೆ ಹೇಳುತ್ತೇನೆಂದು
ಕೈಯೆತ್ತಿ ಪ್ರಮಾಣ ಮಾಡಿದವಳು ನಾನು.
"ನೀನು ಹೇಳಿದ ಹಾಗೇ ಬರೆದಿದ್ದಾರೆ, ಅಜ್ಜಿ."
ಮೂವತ್ತು ಮೀಟರು ಗಂಟಲಲ್ಲೇ ನಿಂತಿತು.

ಜೆಫೆರಿನುವಿಗೆ ತೇತುಮ್ ಬರುತ್ತದೆ.
ಹುಡುಗನ ಮಾತೂ ಕೇಳಿತ್ತು, ನನ್ನದೂ.
ಅವನು ಏನೂ ಅನ್ನಲಿಲ್ಲ. ಬಂದು
ಅಜ್ಜಿಯ ಚೀಲ ಎತ್ತಿಕೊಂಡ.

ದಾರಿಗೆ ಕುಡಿಯಲು ಬಾಟಲಿ ಕೊಡಿ ಅಂದಳು.
ಸಾಕ್ಷ್ಯ, ಕೊಡುವ ಹಾಗಿಲ್ಲ ಅಂದ ಎರ್ಮೆನೆಜಿಲ್ಡು,
ಬೇಜಾರಿನಲ್ಲೇ.
ಇಬ್ಬರೂ ಒಂದೇ ಬಸ್ಸು ಹತ್ತಿದರು.
ಚೀಲದೊಳಗೆ ತೀರ್ಪಿನ ಪ್ರತಿ, ನಾಲ್ಕು ಹಾಳೆ.
ಅವಳ ಮನೆಯಲ್ಲಿ ಅದನ್ನು ಓದುವವರು ಯಾರೂ ಇಲ್ಲ.
ಮರಿಮಗಳೊಬ್ಬಳು ಮೂರನೇ ಕ್ಲಾಸು,
ಜಾಣೆಯಂತೆ. ಅಕ್ಷರಗಳನ್ನು ಕೂಡಿಸುತ್ತಾಳಂತೆ.

ಬಾಟಲಿ ಇನ್ನೂ ಕಪಾಟಿನಲ್ಲಿದೆ, ನಂಬರ್ ನಲವತ್ತೇಳು.
ಮುಚ್ಚಳ ಬಿಗಿ, ಅರಗು ಒಡೆದಿಲ್ಲ.
ಆದರೂ ನೀರು ಚೀಟಿಯ ಮೇಲಂಚಿನಿಂದ
ಎರಡು ಬೆರಳು ಇಳಿದಿದೆ.
ಎರ್ಮೆನೆಜಿಲ್ಡುವಿಗೆ ತೋರಿಸಿದೆ.
ಇದನ್ನು ಯಾವ ಕಾಲಮ್ಮಿನಲ್ಲಿ ಬರೆಯುವುದು
ಅಂತ ನನ್ನನ್ನೇ ಕೇಳಿದ.