ಒಂಬತ್ತನೆಯ ಚೌಕ

ವರ್ಲಿನ್ ಹಾಗ್‌ಸ್ಟಾಡ್ ಬಂದು ಕೂತ,
ಕರೆದದ್ದು ಯಾತಕ್ಕೆಂದು ಗೊತ್ತಿದ್ದವನ ಹಾಗೆ
ಟೋಪಿ ತೆಗೆದು ಮೊಣಕಾಲ ಮೇಲಿಟ್ಟುಕೊಂಡು.
ಕಿಟಕಿಯಾಚೆ ಡುಲುತ್ ಬಂದರು. ಮಾರ್ಚ್ ತಿಂಗಳು.
ಸರೋವರದ ಹೆಪ್ಪು ಇನ್ನೂ ಒಡೆದಿಲ್ಲ,
ಅದಿರಿನ ಹಡಗೊಂದು ಚಳಿಗಾಲವಿಡೀ ನಿಂತಲ್ಲೇ ನಿಂತಿದೆ.

ಆಸ್ಪತ್ರೆಯನ್ನು ಯಾರೋ ದೊಡ್ಡವರು ಕೊಂಡಿದ್ದರು.
ಕೊಂಡವರು ಎಲ್ಲರ ಹೆಸರನ್ನೂ ಹೊಸದಾಗಿ ಜಾಲಾಡಿದರು,
ಡಾಕ್ಟರರಿಂದ ಹಿಡಿದು ನೆಲಮಾಳಿಗೆಯ ಲಾಂಡ್ರಿಯವರೆಗೆ.
ಇಲ್ಲಿ ನಾವು ಹದಿನಾಲ್ಕು ಜನ.
ಸಿಕ್ಕಿಬಿದ್ದವನು ಇವನೊಬ್ಬ:

ಸಾವಿರದೊಂಬೈನೂರ ಎಂಬತ್ತಾರನೇ ಇಸವಿ,
ಹತ್ತೊಂಬತ್ತರ ವಯಸ್ಸು, ಹೊಟ್ಟೆ ತುಂಬ ಬಿಯರು,
ಪಕ್ಕದವರ ದೋಣಿಮನೆಗೆ ಬೆಂಕಿ.
ಯಾರೂ ಸಾಯಲಿಲ್ಲ. ಎರಡು ದೋಣಿ, ಒಂದು ಏಣಿ,
ಯಾರದೋ ತಾತ ಕೈಯಲ್ಲಿ ಹೊಲಿದಿದ್ದ ಹಾಯಿ.
ಹದಿನೆಂಟು ತಿಂಗಳು ಒಳಗೆ.

ಓದುತ್ತ ಓದುತ್ತ ನನಗೊಂದು ತಿಳಿಯಿತು.
ಡ್ರೈಯರಿನ ಜಾಲರಿಗೆ ಅಂಟುವ ಬಟ್ಟೆಯ ಜುಂಗನ್ನು
ಪಾಳಿಗೊಮ್ಮೆ ತೆಗೆದರೆ ಸಾಕು, ನಿಯಮ ಅಷ್ಟೇ.
ಇವನು ಗಂಟೆಗೊಮ್ಮೆ ತೆಗೆಯುತ್ತಿದ್ದ. ಹನ್ನೊಂದು ವರ್ಷ.
ಬೂದು ಬಣ್ಣದ ಆ ಉಂಡೆಗಳನ್ನು
ಬಕೆಟ್ಟಿನ ನೀರಲ್ಲಿ ಅದ್ದಿ ಅದ್ದಿ ಹಿಂಡುತ್ತಿದ್ದ.
ಬೆಕ್ಕಿನ ಮರಿಗೆ ಸ್ನಾನ ಮಾಡಿಸ್ತಿದೀಯೇನೋ
ಎಂದು ನಗಾಡುತ್ತಿದ್ದಳು ಸಿಗ್ನಿ.
ನಾನೂ ನಕ್ಕಿದ್ದೇನೆ.

ಮಿನಿಯಾಪೊಲಿಸ್‌ನಿಂದ ಬಂದ ಹುಡುಗ, ಒಳ್ಳೆಯವನೇ,
ಶೀತವಾಗಿತ್ತು ಪಾಪ, ಮೂಗು ಒರೆಸಿಕೊಳ್ಳುತ್ತ ಅಂದ:
"ಕೆಲಸದಿಂದ ತೆಗೀತಿರೋದು ಬೆಂಕಿ ಹಚ್ಚಿದ್ದಕ್ಕಲ್ಲ,
ಅದು ಹಳೇ ಕತೆ. ಮುಚ್ಚಿಟ್ಟಿದ್ದಕ್ಕೆ."
ಅರ್ಜಿಯ ಎರಡನೇ ಹಾಳೆ ತಿರುಗಿಸಿ
ಒಂಬತ್ತನೆಯ ಪ್ರಶ್ನೆಯ ಮೇಲೆ ಬೆರಳಿಟ್ಟ.
ನಿಮಗೆ ಎಂದಾದರೂ ಶಿಕ್ಷೆಯಾಗಿದೆಯೇ?
ಹೌದು. ಇಲ್ಲ.
ಇಲ್ಲದ ಚೌಕದಲ್ಲಿ ಒಂದು ಗುರುತು,
ಬಾಲ ಬಲಕ್ಕೆ ಹೊರಳಿ ಗಾಳದ ಹಾಗೆ ಕೊಕ್ಕೆಯಾದದ್ದು.

ಆ ಕೊಕ್ಕೆ ನನ್ನದು.

ನಲವತ್ತು ವರ್ಷದಿಂದ ದಿನಸಿ ಚೀಟಿಯಲ್ಲಿ,
ಮಕ್ಕಳ ಶಾಲೆಯ ಕಾಗದಗಳಲ್ಲಿ, ಹಾಸಿಗೆಬಟ್ಟೆಯ ಲೆಕ್ಕದಲ್ಲಿ
ನಾನು ಹಾಕಿಕೊಂಡು ಬಂದ ಗುರುತು.
ಅವನ ಬಲಗೈಗೆ ಅಂದು ಬ್ಯಾಂಡೇಜಿತ್ತು, ಈಗ ನೆನಪಾಯಿತು,
ಮೀನು ಸೀಳುವ ಚೂರಿ ತಾಗಿ.
ಕೊಡಿ ಇತ್ಲಾಗೆ, ನಾನೇ ತುಂಬ್ತೀನಿ ಅಂದಿದ್ದೆ.
ಹೆಸರು ಕೇಳಿದೆ. ವಿಳಾಸ ಕೇಳಿದೆ. ಬೆನ್ನುನೋವು ಇದೆಯಾ ಕೇಳಿದೆ.
ಅಷ್ಟರಲ್ಲಿ ಇಸ್ತ್ರಿಯಂತ್ರ ಹಾಸೊಂದನ್ನು ಕಚ್ಚಿಕೊಂಡಿತೆಂದು ಯಾರೋ ಕೂಗಿ,
ನಾನು ಎದ್ದು ಹೋಗಿ, ಬಂದು, ಉಳಿದದ್ದನ್ನು ಸರಸರ
ಒಂಬತ್ತನೆಯದನ್ನು ಕೇಳಿದೆನೇ?
ಕೇಳಿದ್ದು ನೆನಪಿಲ್ಲ.
ಕೇಳದೇ ಬಿಟ್ಟದ್ದೂ ನೆನಪಿಲ್ಲ.

ವರ್ಲಿನ್ ಹಾಳೆಯನ್ನು ನೋಡಿದ. ನಿಧಾನವಾಗಿ.
ಆಮೇಲೆ ನನ್ನ ಕೈ ನೋಡಿದ,
ಪೆನ್ನು ಹಿಡಿದಿದ್ದ ಕೈ.
ಮುಖ ನೋಡಲಿಲ್ಲ.
"ಹೌದು," ಅಂದ ಹುಡುಗನಿಗೆ, "ನಾನು ಹೇಳಬೇಕಿತ್ತು."

ಇನ್ನೇನಾದರೂ ಹೇಳೋದಿದೆಯಾ ಎಂದ ಹುಡುಗ.
ಯಾರನ್ನು ಕೇಳಿದನೋ,
ಇಬ್ಬರೂ ಇಲ್ಲವೆಂದು ತಲೆಯಾಡಿಸಿದೆವು.
ನನ್ನ ಪಿಂಚಣಿಗಿನ್ನೂ ಎರಡು ವರ್ಷ.
ಪತ್ರದ ಕೆಳಗೆ ನಾನು ಸಹಿ ಹಾಕಬೇಕಿತ್ತು, ಹಾಕಿದೆ,
ಕೊನೆಯ ಅಕ್ಷರದ ಬಾಲ ಹೊರಳದಂತೆ
ಬಿಗಿಹಿಡಿದು.

ಅವನು ಕೆಳಗಿಳಿದು ಹೋಗಿ
ಏಪ್ರನ್ನು ಬಿಚ್ಚಿ ನಾಲ್ಕು ಮಡಿಕೆ ಮಡಿಸಿಟ್ಟ,
ಅಂಚಿಗೆ ಅಂಚು ಕೂಡಿಸಿ, ರೋಗಿಗಳ ಹಾಸಿನ ಹಾಗೆ.
ಬಾಗಿಲವರೆಗೆ ಹೋದವನು ತಿರುಗಿ ಬಂದು
ಮೂರನೆಯ ಡ್ರೈಯರನ್ನು ನಿಲ್ಲಿಸಿ ಜಾಲರಿ ಎಳೆದ.
"ಇದನ್ನ ಮರೀಬೇಡ ಮಾರ್ಲಿಸ್,
ಉಳಿದವಕ್ಕಿಂತ ಬೇಗ ತುಂಬುತ್ತೆ."

ಈಗ ಗಂಟೆ ನಾಲ್ಕು.
ಮೂರಕ್ಕೊಮ್ಮೆ ತೆಗೆದೆ, ಮತ್ತೆ ತುಂಬಿದೆ,
ಬೆಚ್ಚಗೆ, ಹಗುರವಾಗಿ, ಕೈಯಲ್ಲಿ ಏನೂ ಇಲ್ಲದ ಹಾಗೆ.
ನಲ್ಲಿಯ ಕೆಳಗೆ ಬಕೆಟ್ಟಿಟ್ಟು ನಿಂತಿದ್ದೇನೆ.
ಸಿಗ್ನಿ ಪಕ್ಕದಲ್ಲೇ ಹಾದುಹೋದಳು,
ನೋಡಿದಳು,
ಏನೂ ಅನ್ನಲಿಲ್ಲ.