ಏಳನೇ ಕಲಮು

ಹನ್ನೊಂದು ಸಲ ‘ಆರೋಪಿ’ ಎಂದು ಹೊಡೆದ ಬೆರಳು ಇವೇ,
ಐದು ವರ್ಷದ ಹಿಂದೆ, ಇದೇ ಬೇವಿನ ಬುಡದಲ್ಲಿ,
ಮೀರತ್ ಕೋರ್ಟಿನ ಮೂರನೇ ಗೇಟಿನ ಪಕ್ಕ.
ಇವತ್ತು ಅದೇ ಇಬ್ಬರು, ಬೆಂಚಿನ ಎರಡು ತುದಿ.

ಶರಾಫತ್ ಹುಸೇನ್, ಜಾಲಿ ಕೋಠಿಯ ಗಲ್ಲಿಯಲ್ಲಿ
ಹಿತ್ತಾಳೆ ತಗಡು ಸುತ್ತಿ, ಬಾಯಿ ಅಗಲಿಸಿ
ಇನ್ನೊಬ್ಬರ ಉಸಿರಿಗೆ ದಾರಿ ಮಾಡಿಕೊಡುವವರು.
ತೇಜ್‌ವೀರ್ ಸೈನಿ, ಮದುವೆ ಬ್ಯಾಂಡಿನ ಮಾಲೀಕ,
ಕೆಂಪು ಕೋಟಿನ ಕಂಕುಳು ಹರಿದದ್ದು
ಕೈ ಎತ್ತಿದಾಗ ಮಾತ್ರ ಕಾಣುತ್ತದೆ.

ನಡುವೆ ಒಂದು ಚೆಕ್ಕು. ಒಂದು ಲಕ್ಷ ಎಂಬತ್ತು ಸಾವಿರ.
ಆರು ಯುಫೋನಿಯಮ್, ಎರಡು ಸೂಸಾಫೋನು.
ಆ ವರ್ಷ ಲಗ್ನಗಳಿಗೆಲ್ಲ ಬೀಗ,
ಕುದುರೆ ಇತ್ತು, ಏರುವ ವರ ಇರಲಿಲ್ಲ.
ಬ್ಯಾಂಕಿನ ಚೀಟಿ ಮಾತ್ರ ಹೊತ್ತಿಗೆ ಸರಿಯಾಗಿ ಬಂತು:
ಖಾತೆಯಲ್ಲಿ ಸಾಕಷ್ಟು ಹಣವಿಲ್ಲ.
ಮೂರು ಪದ. ಅದಕ್ಕೆ ನಲವತ್ತೊಂದು ವಾಯಿದೆ.

ನೋಟೀಸು, ಹದಿನೈದು ದಿನ, ದೂರು, ಸಮನ್ಸು, ಜಾಮೀನು,
ಒಮ್ಮೆ ಸಾಹೇಬರ ರಜೆ, ಒಮ್ಮೆ ವಕೀಲರ ಮುಷ್ಕರ,
ಒಮ್ಮೆ ಶರಾಫತ್ ಮಿಯಾರ ಕಣ್ಣಿನ ಪೊರೆ.
ಗೆದ್ದವ ಸೋತ, ಸೋತವ ಸತ್ತ ಅನ್ನುತ್ತಾರಲ್ಲ,
ಇವರು ಗೆಲ್ಲಲೂ ಇಲ್ಲ, ಸಾಯಲೂ ಇಲ್ಲ,
ಬಂದರು, ಚಹಾ ಕುಡಿದರು
ಬೇರೆ ಬೇರೆ ಅಂಗಡಿಯಲ್ಲಿ.

ಇವತ್ತು ಲೋಕ ಅದಾಲತ್ತು.
ಸಂಖ್ಯೆ ಎಂಬುದು ಇಷ್ಟು ಬೇಗ ಇಳಿಯುತ್ತದೆಂದು
ಇಷ್ಟು ವರ್ಷವಾದರೂ ನನಗೆ ಅಭ್ಯಾಸವಿಲ್ಲ.
ಒಂದೂವರೆ. ಒಂದು ಮೂವತ್ತು. ತೊಂಬತ್ತು ಎಂದ ತೇಜ್‌ವೀರ,
ಶರಾಫತ್ ಎದ್ದರು, ವಕೀಲರು ತೋಳು ಹಿಡಿದು ಕೂರಿಸಿದರು.
ಒಂದು ಲಕ್ಷ ಹತ್ತು ಸಾವಿರ.
ಐವತ್ತು ಇವತ್ತು ನಗದು, ಉಳಿದದ್ದು ಮೂರು ಕಂತು,
ಎರಡು ಸೂಸಾಫೋನು ವಾಪಸ್ಸು.

ನಾನು ಹೊಡೆಯುತ್ತಾ ಹೋದೆ. ‘ಆರೋಪಿ’ ಈಗ ‘ಎರಡನೇ ಪಕ್ಷದವರು’.
‘ಯಾರ ಒತ್ತಡವೂ ಇಲ್ಲದೆ, ಸ್ವಸಂತೋಷದಿಂದ’.
ಸಂತೋಷ ಎಂಬಲ್ಲಿ ಬೆರಳು ಯಾವಾಗಲೂ ತಪ್ಪುತ್ತದೆ.
ಆರು ಕಲಮು ಮುಗಿದವು.

ಆಗ ಶರಾಫತ್ ಅಂದರು: ಇನ್ನೊಂದು ಬರೆ.
‘ನನ್ನ ಹಿತ್ತಾಳೆ ಕಲಬೆರಕೆ ಎಂದು
ಹೋಳಿಯ ದಿನ ಗಲ್ಲಿಯಲ್ಲಿ ನಿಂತು ಕೂಗಿದ್ದ.
ಆ ಮಾತು ವಾಪಸ್ ತೆಗೆದುಕೊಳ್ಳಲಿ.’
ವಕೀಲರು ನಕ್ಕರು. ಮಾತಿಗೆ ಸೆಕ್ಷನ್ ಇಲ್ಲ ಚಾಚಾ.
ತೇಜ್‌ವೀರ ನೆಲ ನೋಡಿದ. ‘ನನ್ನ ಮನೆ ಬಾಗಿಲಿಗೆ ಬಂದು
ಅಳಿಯನ ಮುಂದೆ ಸಾಲ ಕೇಳಿದ್ದು? ಅದನ್ನು ಯಾರು ಬರೀತಾರೆ?’

‘ಏಳು’ ಎಂದು ಹೊಡೆದು, ಚುಕ್ಕಿ ಇಟ್ಟು, ಕಾದೆ.
ಕರ್ಸರು ಮಿನುಗುತ್ತಲೇ ಇತ್ತು.
ಯಾರೂ ಬಾಯಿ ಬಿಡಲಿಲ್ಲ.

ಅಷ್ಟರಲ್ಲಿ ರಿಕ್ಷಾದಿಂದ ವಾದ್ಯ ಇಳಿಯಿತು.
ಶರಾಫತ್ ಐವತ್ತು ಸಾವಿರದ ಕಟ್ಟನ್ನು ಎಣಿಸದೆ ತೊಡೆಗಿಟ್ಟು
ಸೂಸಾಫೋನಿನ ಕೊರಳು ಸವರಿದರು,
ನೆಗ್ಗಿದ ಜಾಗದಲ್ಲಿ ಉಗುರಿನಿಂದ ಬಡಿದರು. ಇನ್ನೊಮ್ಮೆ.
‘ಯಾರೋ ಇದರ ಮೇಲೆ ಕೂತಿದ್ದಾರೆ.’
‘ಕುಡಿದಿದ್ದ, ವರನ ಸೋದರಮಾವ.’
‘ಆದರೂ ಒಡೆದಿಲ್ಲ.’
‘ಒಡೆದಿಲ್ಲ,’ ಎಂದ ತೇಜ್‌ವೀರ, ತುಸು ತಡೆದು,
‘ತಗಡು ಗಟ್ಟಿ ಇತ್ತು.’

ವಕೀಲರು ಗಡಿಯಾರ ನೋಡಿದರು.
ನಾನು ‘ಏಳು’ ಅಳಿಸಿದೆ.

ಒಳಗೆ ಸಾಹೇಬರಿಗೆ ನಲವತ್ತು ಸೆಕೆಂಡು ಸಾಕಾಯಿತು.
ರಾಜಿ ಒಪ್ಪಿಗೆಯೇ? ಒಪ್ಪಿಗೆ. ಒತ್ತಡ? ಇಲ್ಲ. ಖುಲಾಸೆ.
ಹೊರಗೆ ಯಾವನೋ ಹುಡುಗ ಸೂಸಾಫೋನಿಗೆ ಬಾಯಿ ಹಚ್ಚಿದ,
ಎಮ್ಮೆ ಕೂಗಿದಂತೆ ಒಂದು ಸ್ವರ ಎದ್ದು
ಬೇವಿನ ಕಾಗೆಗಳೆಲ್ಲ ಹಾರಿದವು,
ಜವಾನ ಓಡಿ ಬಂದ.

ನನ್ನ ಮುನ್ನೂರು ರೂಪಾಯಿ ಇಬ್ಬರೂ ಅರ್ಧರ್ಧ ಕೊಟ್ಟರು.
ಕೊನೆಯ ಕಂತು ಹೋಳಿ ಕಳೆದ ಮೇಲೆ.
ಕಡತ ಹಾಗೇ ಇಟ್ಟಿದ್ದೇನೆ, ಅಳಿಸಿಲ್ಲ,
ಆರು ಕಲಮು, ಕೆಳಗೆ ಒಂದು ಸಾಲು ಖಾಲಿ.