ದಿನವಹಿಯಲ್ಲಿ ಬರೆಯದ್ದು

ಮೂರು ಗಂಟೆಯ ದೋಣಿ ಹೊರಟಿತೆಂದರೆ
ಡೀಲೋಸ್ ಕಲ್ಲುಗಳ ಪಾಲು.
ಆಮೇಲೆ ನಾನು, ಬೀಗದಕೈ ಗೊಂಚಲು,
ಗೋಡೆಯ ಮೇಲೆ ತಲೆಯಾಡಿಸುವ ಓತಿಕೇತ,
ಮತ್ತು ಬಡಗಣದ ಮೆಲ್ತೆಮಿ ಗಾಳಿ,
ಹೇಳದೆ ಬಂದು ಹೋಗಲೊಲ್ಲದ ನೆಂಟ.

ಉದ್ದ ಐದು ಕಿಲೋಮೀಟರ್, ಅಗಲ ಒಂದೂಕಾಲು.
ಎತ್ತರ ಹೇಳಲು ನಾಚಿಕೆ:
ಕಿಂಥೋಸ್ ಬೆಟ್ಟ ಎರಡು ಸಿಗರೇಟಿನ ದಾರಿ.
ತುದಿಯಲ್ಲಿ ನಿಂತರೆ ಮಾತ್ರ
ತೀನೋಸ್, ಸೀರೋಸ್, ಪಾರೋಸ್, ನಾಕ್ಸೋಸ್
ಚಳಿ ಕಾಯಿಸಲು ಸುತ್ತ ಕೂತ ಹಾಗಿವೆ.
ನಡುವೆ ನಾವು, ಆರಿದ ಒಲೆ.

ಮೊದಲು ತೇಲುತ್ತಿತ್ತಂತೆ ಇದು, ಬೇರಿಲ್ಲದ ನೆಲ.
ಬಸುರಿ ಲೀಟೋಗೆ ಯಾವ ಊರೂ ಜಗಲಿ ಕೊಡದಿದ್ದಾಗ
ಕಳೆದುಕೊಳ್ಳಲು ಏನೂ ಇಲ್ಲದ ಇದೇ ಹೂಂ ಅಂದಿತು.
ಖರ್ಜೂರದ ಮರ ತಬ್ಬಿ
ಒಂಬತ್ತು ಹಗಲು ಒಂಬತ್ತು ಇರುಳು ಬೇನೆ ತಿಂದು
ಹೆತ್ತಳು ಬೆಳಕಿನ ಮಗನನ್ನು.
ಕಡಲಡಿಯಿಂದ ನಾಲ್ಕು ಕಂಬ ಎದ್ದು
ದ್ವೀಪವನ್ನು ಹಿಡಿದು ನಿಲ್ಲಿಸಿದವು.

ಹೆರಿಗೆಯಿಂದ ಹೆಸರಾದ ನೆಲಕ್ಕೆ
ಅಥೆನ್ಸಿನವರು ವಿಧಿಸಿದ ಕಟ್ಟಳೆ ಕೇಳಿ:
ಇಲ್ಲಿ ಯಾರೂ ಹುಟ್ಟಕೂಡದು, ಯಾರೂ ಸಾಯಕೂಡದು.
ಗೋರಿ ಅಗೆದು ಮೂಳೆಗಳನ್ನು
ಎದುರಿನ ರೀನಿಯಾಕ್ಕೆ ಸಾಗಿಸಿದರು.
ತುಂಬಿದ ಬಸುರಿಯೂ ಮೇಲುಸಿರಿನ ಮುದುಕನೂ
ಎಂದಾದರೂ ಒಂದೇ ದೋಣಿಯಲ್ಲಿ ಕೂತಿರಬೇಕು.
ಏನು ಮಾತಾಡಿಕೊಂಡರೋ,
ಯಾವ ಕಲ್ಲಿನ ಮೇಲೂ ಕೆತ್ತಿಲ್ಲ. ನಾನು ನೋಡಿದ್ದೇನೆ.

ಒಕ್ಕೂಟದ ಹಣದ ಪೆಟ್ಟಿಗೆಯನ್ನಂತೂ
ಅದಕ್ಕೂ ಮೊದಲೇ ಅವರ ಊರಿಗೆ ಒಯ್ದಾಗಿತ್ತು.

ಪಿಡುಗು ಬಂದಾಗ ದೇವರು ಕೇಳಿದನಂತೆ
ಬಲಿಪೀಠ ಎರಡರಷ್ಟಾಗಲಿ ಎಂದು.
ಬದಿಗಳನ್ನು ಇಮ್ಮಡಿ ಮಾಡಿದರು, ಪೀಠ ಎಂಟು ಪಟ್ಟಾಯಿತು!
ಅಂದಿನಿಂದ ಲೋಕದ ಲೆಕ್ಕದ ಮೇಷ್ಟ್ರುಗಳು
ಎರಡು ಸಾವಿರ ವರ್ಷ ತಲೆ ಕೆರೆದುಕೊಂಡರು.
ನನ್ನ ಹೆಂಡತಿ ಅನೇಝಾ ಬೀನ್ಸ್ ಬಿಡಿಸುತ್ತ ಅನ್ನುತ್ತಾಳೆ:
ಚಿಕ್ಕ ಮನೆಯನ್ನು ದೊಡ್ಡದು ಮಾಡಿಸುವ ಕಷ್ಟ
ದೇವರಿಗೇನು ಗೊತ್ತು, ಬಾಡಿಗೆ ಕಟ್ಟಿದ್ದಾನೆಯೇ?

ಆಮೇಲೆ ರೋಮಿನ ಕಾಲ. ಬಂದರಿಗೆ ಸುಂಕ ಮಾಫಿ.
ಬೆಳಗ್ಗೆ ಇಳಿಸಿದ ಜನ ಬೈಗಿಗೆ ಮಾರಿಹೋಗುತ್ತಿದ್ದರಂತೆ,
ದಿನಕ್ಕೆ ಹತ್ತು ಸಾವಿರ ತಲೆ.
ಹುಟ್ಟಕೂಡದು. ಸಾಯಕೂಡದು.
ಬಿಕರಿಯಾಗಬಹುದಿತ್ತು.
ಈ ಚೌಕದಲ್ಲಿ ನನಗೆ ಸೀಟಿ ಊದಲು ಮನಸ್ಸು ಬರುವುದಿಲ್ಲ,
ಪ್ರವಾಸಿಗರು ಎಲ್ಲಿ ಬೇಕಾದರೂ ಕೂರಲಿ.
ಅವರಿಗೆ ಬೇಕಾದ್ದು ಸಿಂಹಗಳು.
ಬಾಯಿ ತೆರೆದು ಬಿಸಿಲಲ್ಲಿ ಕೂತಿರುವವು ನಕಲು,
ಅಸಲಿಗೆ ವಯಸ್ಸಾಯಿತು, ಒಳಗಿವೆ.

ನನ್ನಪ್ಪ ಝಾನಿಸ್ ಇಲ್ಲಿ ಅಗೆತದ ಕೂಲಿ.
ಅಮ್ಮನಿಗೆ ನೋವು ಶುರುವಾದಾಗ
ಕಟ್ಟಳೆಗೆ ಹೆದರಿ ಅಲ್ಲ,
ಸೂಲಗಿತ್ತಿ ಮಿಕೊನೋಸಿನಲ್ಲಿದ್ದಳೆಂದು ದೋಣಿ ಹತ್ತಿದಳು.
ಗಾಳಿ ಬಿಡಲಿಲ್ಲ. ನಡುನೀರಿನಲ್ಲಿ,
ಒದ್ದೆ ಬಲೆಯ ಮೇಲೆ ನಾನು ಹುಟ್ಟಿದೆ.
ಮಗ ಹುಟ್ಟಿದ ಊರು ಯಾವುದು, ಗುಮಾಸ್ತ ಕೇಳಿದ.
ಅದಿನ್ನೂ ತೇಲುತ್ತಿದೆ, ಅಂದಳು.
ಅವನು ಮಿಕೊನೋಸ್ ಎಂದು ಬರೆದುಕೊಂಡ.

ಇವತ್ತು ಕೊನೆಯ ಸುತ್ತು ಹಾಕುವಾಗ
ಪವಿತ್ರ ಕೆರೆ ಇದ್ದ ಗುಂಡಿಯಲ್ಲಿ,
ಮಲೇರಿಯಾಕ್ಕೆ ಹೆದರಿ ಬತ್ತಿಸಿದರಲ್ಲ, ಅಲ್ಲೇ,
ಒಂಟಿ ಖರ್ಜೂರದ ಬುಡದಲ್ಲಿ ಬೂದು ಬೆಕ್ಕು.
ನಾಲ್ಕು ಮರಿ, ಕಣ್ಣು ಬಿಡದವು.
ಐದನೆಯದು ತಣ್ಣಗಿತ್ತು.
ಒಂದೇ ಸಂಜೆ ಎರಡೂ ಕಟ್ಟಳೆ ಮುರಿದು
ಮೈ ನೆಕ್ಕಿಕೊಳ್ಳುತ್ತಿದ್ದಳು.
ನನ್ನನ್ನು ನೋಡಿದಳು. ಟೊಪ್ಪಿ ತೆಗೆದು ನೆಲಕ್ಕಿಟ್ಟು,
ತಣ್ಣಗಿದ್ದುದನ್ನು ಕರವಸ್ತ್ರದಲ್ಲಿ ಸುತ್ತಿಕೊಂಡೆ.
ರೀನಿಯಾ ಕಾಣುತ್ತಿತ್ತು, ದೋಣಿ ಇರಲಿಲ್ಲ.

ದಿನವಹಿ: ಗಾಳಿ ಬಡಗಣದಿಂದ, ಆರು.
ಬಂದವರು ಎಂಟುನೂರ ಹದಿನೇಳು.
ಸಿಕ್ಕಿದ ವಸ್ತು, ಮಗುವಿನ ಚಪ್ಪಲಿ, ಎಡಗಾಲಿನದು.
ವಿಶೇಷ: ಏನಿಲ್ಲ.